ನೀರಿನಲ್ಲಿ ತೊಳೆದ ಹೊಗೆ

೧೯೯೫ರಲ್ಲಿ ನಾನು ಶಾಲೆ ಬಿಟ್ಟೆ. ಒಂಬತ್ತನೆಯ ತರಗತಿ. ದಸರಾ ರಜೆ ಮುಗಿದು ಎಲ್ಲರೂ ವಾಪಸ್ ಹೋದರು, ನಾನು ಹೋಗಲಿಲ್ಲ. ಭತ್ತದ ಚೀಲ ಹೇರಿದ ಬಂಡಿಯ ಮೇಲಿಂದ ಬಿದ್ದು ಅಪ್ಪನ ಸೊಂಟ ಹೋಗಿತ್ತು. ಮನೆಯಲ್ಲಿ ನಾನೇ ಹಿರಿಯ ಮಗ. ರಾಯಚೂರಿನ ಗಂಜ್ ಮಾರುಕಟ್ಟೆಯ ಹತ್ತಿರ ಒಂದು ವೆಲ್ಡಿಂಗ್ ಅಂಗಡಿಗೆ ಸೇರಿಕೊಂಡೆ. ಯಾರೂ ನನ್ನನ್ನು ಶಾಲೆಯಿಂದ ಹೊರಗೆ ಹಾಕಲಿಲ್ಲ, ನಾನು ನಪಾಸೂ ಆಗಲಿಲ್ಲ. ಇದನ್ನು ಮೊದಲಿಗೇ ಹೇಳಿಬಿಡುವುದು ಒಳ್ಳೆಯದು. ಮುಂದೆ ಬರುವ ನನ್ನ ಷಡ್ಡಕ, ಅಂದರೆ ಹೆಂಡತಿಯ ತಂಗಿಯ ಗಂಡ, ಇಂಜಿನಿಯರಿಂಗ್ ಓದಿದವನು. ಓದಿನ ಮಾತು ಬಂದಾಗಲೆಲ್ಲ ಜನ ಅವನ ಕಡೆ ತಿರುಗುತ್ತಾರೆ, ಆಮೇಲೆ ನನ್ನ ಮುಖ ನೋಡುತ್ತಾರೆ. ನೋಡಲಿ.

ಕೆಲಸ ಕಲಿತು ಮಾನ್ವಿಯಲ್ಲಿ ಸ್ವಂತ ಅಂಗಡಿ ಇಟ್ಟೆ. ಮಾನ್ವಿಯ ಸುತ್ತ ಕಾಲುವೆ ನೀರಿನ ಗದ್ದೆಗಳು. ನಾಟಿಗೆ ಮೊದಲು ಟ್ರ್ಯಾಕ್ಟರ್ ಕೆಸರಿಗಿಳಿಯಬೇಕೆಂದರೆ ರಬ್ಬರ್ ಗಾಲಿ ಬಿಚ್ಚಿ ಕಬ್ಬಿಣದ ಪಟ್ಟಿಯ ಗಾಲಿ ತೊಡಿಸಬೇಕು. ನಾನು ಮಾಡಿದ ಗಾಲಿ ಕೆಸರಿನಲ್ಲಿ ಬಿಚ್ಚಿಕೊಂಡಿತೆಂದು ಇವತ್ತಿನವರೆಗೆ ಯಾರೂ ಅಂಗಡಿಗೆ ಬಂದು ಬೈದಿಲ್ಲ. ಕೆಲಸ ಕಲಿಯುವಾಗ ಬೀಡಿ ಸೇದುತ್ತಿದ್ದೆ, ಸ್ವಂತ ಅಂಗಡಿ ಆದಮೇಲೆ ಸಿಗರೇಟ್ ಹಿಡಿದೆ. ಬೀಡಿಯಿಂದ ಸಿಗರೇಟಿಗೆ ಬಂದದ್ದನ್ನು ನಾನು ಬಡ್ತಿ ಎಂದೇ ತಿಳಿದಿದ್ದೆ.

ಹೆಂಡತಿಯ ತವರು ದೇವದುರ್ಗದ ಹತ್ತಿರದ ಹಳ್ಳಿ. ಕುರಿ, ಹೊಲ, ಹಳೆಯ ಮಣ್ಣಿನ ಮನೆ. ಮಾವನಿಗೆ ಇಬ್ಬರೇ ಹೆಣ್ಣುಮಕ್ಕಳು, ಗಂಡುಮಕ್ಕಳಿಲ್ಲ. ಹಾಗಾಗಿ ಎಳ್ಳಮಾವಾಸ್ಯೆಗೆ ಹೊಲದಲ್ಲಿ ಚರಗ ಚೆಲ್ಲುವ ಕೆಲಸ ಅಳಿಯಂದಿರಿಗೆ ಬಂದಿತ್ತು. ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ; ಗೊತ್ತಿಲ್ಲದವರಿಗೆ ಹೇಳುತ್ತೇನೆ. ಸಜ್ಜೆ ರೊಟ್ಟಿ, ಕಡುಬು, ಬದನೆಕಾಯಿ, ಪುಂಡಿಪಲ್ಲೆ ಎಲ್ಲ ಕಟ್ಟಿಕೊಂಡು ಹೊಲಕ್ಕೆ ಹೋಗುತ್ತೇವೆ. ಬನ್ನಿ ಗಿಡದ ಬುಡದಲ್ಲಿ ಐದು ಕಲ್ಲಿಟ್ಟು ಪೂಜೆ ಮಾಡಿ, ಎಲ್ಲ ಅಡುಗೆಯನ್ನೂ ಒಂದಿಷ್ಟು ಬುಟ್ಟಿಯಲ್ಲಿ ಕಲಸುತ್ತೇವೆ. ಮುಂದಿನವನು ಆ ಬುಟ್ಟಿ ಹಿಡಿದು ಹೊಲದ ಬದುವಿನ ಗುಂಟ ಚೆಲ್ಲುತ್ತ ‘ಹುಲ್ಲುಲ್ಲಿಗೋ’ ಎಂದು ಕೂಗುತ್ತಾನೆ. ಹಿಂದಿನವನು ತಂಬಿಗೆಯ ನೀರು ಚಿಮುಕಿಸುತ್ತ ‘ಚಳ್ಳಂಬ್ರಿಗೋ’ ಎಂದು ಓಗೊಡುತ್ತಾನೆ. ಹೊಲ ಒಂದು ಸುತ್ತು ಬರುವವರೆಗೆ ಕೂಗು ಕಡಿಯಬಾರದು, ಹಿಂತಿರುಗಿ ನೋಡಬಾರದು. ಕೂಗು ಕಡಿದರೆ ಭೂಮಿತಾಯಿ ಆ ಊಟ ಉಂಡಂತಲ್ಲ ಎಂಬುದು ಮಾವನ ನಂಬಿಕೆ. ಹಿರಿಯ ಅಳಿಯನಾದ್ದರಿಂದ ಮದುವೆಯಾದಾಗಿನಿಂದ ಬುಟ್ಟಿ ನನ್ನದು.

ಆ ಮನೆಯಲ್ಲಿ ನನಗಿದ್ದದ್ದು ಅದೊಂದೇ. ಉಳಿದದ್ದೆಲ್ಲ ಷಡ್ಡಕ ಬಂದಮೇಲೆ ಅವನ ಪಾಲಾಯಿತು. ಅವನು ಶಕ್ತಿನಗರದ ವಿದ್ಯುತ್ ಸ್ಥಾವರದಲ್ಲಿ ಇಂಜಿನಿಯರ್, ರಾಯಚೂರಿನಲ್ಲಿ ಮನೆ. ನಾವಿಬ್ಬರೂ ಹಬ್ಬಕ್ಕೆ ಹೋದರೆ ಮಾವ ಅವನನ್ನು ಮಂಚದ ಮೇಲೆ ಕೂರಿಸಿ ದಿಲ್ಲಿ, ದುಬೈ, ಮೋಡ, ಮಳೆ ಎಲ್ಲದರ ಬಗ್ಗೆ ಕೇಳುತ್ತಿದ್ದರು. ನನ್ನನ್ನು ಕಂಡರೆ ಅವರಿಗೆ ಮುರಿದ ಗೇಟಿನ ಕೊಂಡಿ ನೆನಪಾಗುತ್ತಿತ್ತು.

“ಅಳಿಯಂದ್ರ, ಹೆಂಗೂ ಬಂದೀರಲ್ಲ, ಆ ಮಂಚದ ಕಾಲಿಗೆ ಒಂದೀಟು ಬೆಸುಗಿ ಹಾಕಿಬಿಡ್ರಿ.”

ನಾನು ಬೆಸುಗೆ ಹಾಕಿದ ಮಂಚದ ಮೇಲೆ ಅವನು ಕೂತು ದುಬೈ ಸುದ್ದಿ ಹೇಳುವನು. ಅತ್ತೆ ಅವನಿಗೆ ಪಿಂಗಾಣಿ ಕಪ್ಪಿನಲ್ಲಿ ಚಹಾ ಕೊಡುವರು, ನನಗೆ ಸ್ಟೀಲ್ ಲೋಟದಲ್ಲಿ. ಚಹಾ ಒಂದೇ ಪಾತ್ರೆಯದು ಎಂದು ಹೆಂಡತಿ ಹೇಳುತ್ತಾಳೆ. ಪಾತ್ರೆಯ ಮಾತನ್ನು ನಾನು ಎತ್ತಿರಲಿಲ್ಲ.

ಇನ್ನು ಸಿಗರೇಟು. ಅದನ್ನು ನಾನು ಜೇಬಿನಿಂದ ತೆಗೆಯುವುದೇ ತಡ, ಅತ್ತೆ ಒಳಗಿನಿಂದಲೇ ಕೂಗುವರು: “ಅಳಿಯಂದ್ರ, ಆ ದರಿದ್ರ ಹೊಗಿ ಹಿತ್ತಲಕ ತಗೊಂಡು ಹೋಗ್ರಿ. ಪಡಸಾಲ್ಯಾಗ ದೇವ್ರ ಜಗಲಿ ಅದ.” ನಾನು ಹಿತ್ತಲಿಗೆ ಹೋಗಿ ಎಮ್ಮೆಯ ಪಕ್ಕ ನಿಂತು ಸೇದುತ್ತಿದ್ದೆ. ಎಮ್ಮೆಯೂ ಮುಖ ಆಚೆ ತಿರುಗಿಸುತ್ತಿತ್ತು. ಇದಕ್ಕೆ ನನ್ನ ತಕರಾರಿರಲಿಲ್ಲ; ದೇವರ ಮನೆ, ಹೊಗೆ ಹೊಲಸು, ಸರಿ. ತಕರಾರು ಶುರುವಾದದ್ದು ಹುಕ್ಕಾ ಬಂದ ವರ್ಷ.

ಆಗ ಇನ್ನೂ ಸರ್ಕಾರ ಹುಕ್ಕಾ ನಿಷೇಧ ಮಾಡಿರಲಿಲ್ಲ. ಷಡ್ಡಕ ಹೈದರಾಬಾದಿನಿಂದ ಒಂದು ತಂದಿದ್ದ. ಮಖಮಲ್ಲಿನ ಒಳಮೈ ಇರುವ ಪೆಟ್ಟಿಗೆ, ನೀಲಿ ಗಾಜಿನ ತಳ, ಹಿತ್ತಾಳೆಯ ಕೊರಳು, ಹಾವಿನಂಥ ನಳಿಗೆ. ಎಳ್ಳಮಾವಾಸ್ಯೆಯ ಬೆಳಗ್ಗೆ ಅದನ್ನು ಪಡಸಾಲೆಯ ನಡುವೆ ಜೋಡಿಸಿಟ್ಟ. ತಳದಲ್ಲಿ ನೀರು, ಮೇಲಿನ ಚಿಲುಮೆಯಲ್ಲಿ ಸಿಹಿ ಹಾಕಿದ ತಂಬಾಕು, ಅದರ ಮೇಲೆ ಕೆಂಡ. ಎಳೆದರೆ ನೀರು ಗುಳುಗುಳು ಅನ್ನುತ್ತಿತ್ತು. ದೇವರ ಜಗುಲಿ ಅಲ್ಲಿಂದ ಮೂರು ಮಾರು. ನಾನು ಅತ್ತೆಯ ಬಾಯಿ ನೋಡುತ್ತ ನಿಂತೆ, ಈಗ ಬೈಯುತ್ತಾರೆ, ಈಗ ಬೈಯುತ್ತಾರೆ ಎಂದು.

“ಅತ್ತಿ, ಇದು ಸಿಗರೇಟ್ ಅಲ್ರಿ,” ಎಂದ ಷಡ್ಡಕ. “ಹೊಗಿ ಮೊದಲ ನೀರಾಗ ಇಳೀತದ. ಹೊಲಸೆಲ್ಲ ಅಲ್ಲೇ ತೊಳ್ಕೊಂಡು ಸ್ವಚ್ಛ ಆಗಿ ಮ್ಯಾಲ ಬರ್ತದ. ಗಂಟಲಿಗೆ ಸುಡಂಗಿಲ್ಲ, ಏನಿಲ್ಲ.”

ಅತ್ತೆ ಮೂಗು ಅರಳಿಸಿದರು. “ಹೌದ ನೋಡವ್ವ! ಸೇಬುಹಣ್ಣಿನ ವಾಸನಿ! ಊದಿನಕಡ್ಡಿ ಹಚ್ಚಿದಂಗ ಆತು.”

ಮಾವ ಮೀಸೆಯ ಮೇಲೆ ಕೈಯಾಡಿಸಿದರು. “ನಮ್ಮಪ್ಪ ಹೇಳ್ತಿದ್ದ, ನಿಜಾಮನ ಕಾಲದಾಗ ಗೌಡ್ರ ವಾಡೇದಾಗ ಹಿಂಥಾದ್ದು ಇತ್ತಂತ. ಬಾಗ್ಲಾಗ ನಿಂತು ನೋಡಿ ಬರ್ತಿದ್ವಿ ಅಂತಿದ್ದ. ಈಗ ನಮ್ಮ ಮನ್ಯಾಗ ಬಂತು.”

ನಾನು ಹಿತ್ತಲಿಗೆ ಹೋಗಿ ಸಿಗರೇಟ್ ಹಚ್ಚಿದೆ. ಕಿಟಕಿಯಿಂದ ಎಲ್ಲ ಕಾಣುತ್ತಿತ್ತು. ಅವನದೂ ಹೊಗೆ, ನನ್ನದೂ ಹೊಗೆ. ಅವನದು ಮಂಚದ ಮೇಲೆ, ನನ್ನದು ಸಗಣಿಯ ಪಕ್ಕ. ಅವನು ಕಿಟಕಿಯಿಂದ ನನ್ನನ್ನು ನೋಡಿ ನಳಿಗೆ ಎತ್ತಿ ತೋರಿಸಿದ.

“ಅಣ್ಣಾ, ಬರ್ರಿ, ಒಂದು ದಮ್ ಎಳೀರಿ. ಆ ಸಿಗರೇಟ್ ಬಿಟ್ಟು ಇದು ಸೇದ್ರಿ, ಎದಿಗೆ ಚೊಲೊ.”

“ನೀ ಸೇದು ತಮ್ಮಾ. ನನಗ ಪೈಪ್ ನೋಡಿದ್ರ ಬೆಸುಗಿ ಹಾಕಬೇಕು ಅನ್ನಸ್ತದ.”

ಯಾರೂ ನಗಲಿಲ್ಲ. ನನ್ನ ನಾದಿನಿ ಮಾತ್ರ “ಮಾಮಾಗ ಹೊಟ್ಟಿಕಿಚ್ಚು” ಎಂದಳು. ಅದಕ್ಕೆ ಎಲ್ಲರೂ ನಕ್ಕರು.

ಆ ದಿನ ಚರಗವನ್ನು ನಾನೇ ಮುಂದೆ ನಿಂತು ಚೆಲ್ಲಿದೆ. ನನ್ನ ಕೂಗು ಆಚೆ ಹೊಲದವರಿಗೆ ಕೇಳುವಂತಿತ್ತು. ಹಿಂದೆ ನೀರು ಹಿಡಿದಿದ್ದ ಷಡ್ಡಕನಿಗೆ ಸ್ವಲ್ಪ ಏದುಸಿರು ಬಂದಿತ್ತು. ನನಗದು ಜೇನು ನೆಕ್ಕಿದಂತಾಯಿತು. ಆದರೆ ಮನೆಗೆ ಬಂದಮೇಲೆ ಜನ ಸುತ್ತುವರಿದದ್ದು ಹುಕ್ಕಾವನ್ನು, ನನ್ನ ಕೂಗನ್ನಲ್ಲ.

ಮಾನ್ವಿಗೆ ವಾಪಸ್ ಹೊರಟು ಸಿರವಾರ ದಾಟಿದೆವು. ಹೆಂಡತಿಯೇ ಕೇಳಿದಳು: “ಮುಖ ಯಾಕ ಗಂಟು ಹಾಕ್ಕೊಂಡೀರಿ?”

“ನನಗೇನಾಗ್ಯಾದ?”

“ನನ್ನ ತಂಗಿ ಗಂಡನ ಹುಕ್ಕಾ ಆಗ್ಯಾದ.”

ಮಾನ್ವಿಗೆ ಬಂದ ವಾರದಲ್ಲೇ ನಾನು ಹುಕ್ಕಾ ಮಾಡಲು ಕೂತೆ. ಹೌದು, ಮಾಡಲು. ಅಂಗಡಿಯಲ್ಲಿ ಕೊಂಡು ತಂದರೆ ಅವನ ನಕಲಾಗುತ್ತದೆ. ಕೈಯಿಂದ ಮಾಡಿದರೆ ಅವನ ಓದಿಗೆ ಉತ್ತರವಾಗುತ್ತದೆ. ಅಕ್ಕಿ ಗಿರಣಿಯ ಕೆಲಸದಲ್ಲಿ ಉಳಿದ ಸ್ಟೀಲ್ ಪೈಪು ಇತ್ತು. ತಳಕ್ಕೆ ಮನೆಯ ಸ್ಟೀಲ್ ಕೊಡವನ್ನೇ ತಂದೆ. ಚಿಲುಮೆಯನ್ನು ಕುಂಬಾರನ ಹತ್ತಿರ ಹೇಳಿ ಮಾಡಿಸಿದೆ. ನಳಿಗೆಗೆ ಗ್ಯಾಸ್ ವೆಲ್ಡಿಂಗಿನ ಹೊಸ ಕೆಂಪು ಪೈಪು. ಷಡ್ಡಕನದು ನನ್ನ ಮೊಣಕಾಲಿಗೆ ಬರುತ್ತಿತ್ತು. ನನ್ನದು ಸೊಂಟಕ್ಕೆ ಬಂತು. ಬೆಸುಗೆಯ ಗೆರೆ ಕಾಣದಂತೆ ಉಜ್ಜಿ ಹೊಳಪು ಕೊಟ್ಟೆ.

ಪಕ್ಕದಲ್ಲಿ ಗಾದಿ ಹೊಲಿಯುವ ಅಂಗಡಿಯಿದೆ. ಅದರ ಯಜಮಾನನನ್ನು ನಾನು ಚಾಚಾ ಎನ್ನುತ್ತೇನೆ. ಅವರು ಹತ್ತಿ ಕೊಡವುತ್ತ ಬಂದು ನಿಂತರು.

“ಕ್ಯಾ ಭಾಯ್, ಔಷಧಿ ಹೊಡಿಯೋ ಪಂಪ್ ಮಾಡಾಕತ್ತೀರೇನು?”

“ಹುಕ್ಕಾ, ಚಾಚಾ.”

“ಯಾ ಅಲ್ಲಾ! ಇಷ್ಟ ಎತ್ತರ? ಇದಕ್ಕ ಏಣಿ ಹಚ್ಚಿ ಸೇದಬೇಕು.”

“ಸಿಗರೇಟ್ ಬಿಡಾಕತ್ತೀನಿ ಚಾಚಾ. ಇದರಾಗ ಹೊಗಿ ನೀರಾಗ ತೊಳ್ದು ಬರ್ತದ.”

ಚಾಚಾ ನಗಲಿಲ್ಲ. ಗಡ್ಡದಲ್ಲಿ ಸಿಕ್ಕ ಹತ್ತಿ ತೆಗೆಯುತ್ತ ಹೇಳಿದರು: “ನಮ್ಮ ದಾದಾ ಹುಕ್ಕಾ ಸೇದ್ತಿದ್ದರು. ಕಡೀಕ ಕಟ್ಟಿಯಿಂದ ಬಾಗ್ಲತನಕ ಬರಾಕ ಗೋಡಿ ಹಿಡೀತಿದ್ದರು. ದಿನಾ ಸಂಜಿಗೆ ಹಳದಿ ನೀರು ಚೆಲ್ಲಿ, ನೋಡ್ರಿ ಹೊಲಸೆಲ್ಲ ಹೋತು ಅಂತಿದ್ದರು. ನೀರಾಗ ಕಂಡಿದ್ದು ನೀರಿನ ಪಾಲು ಭಾಯ್. ಕಾಣದ್ದು ಅವರ ಪಾಲು ಆಗಿತ್ತು.”

ಮುದುಕರಾದಮೇಲೆ ಎಲ್ಲರೂ ಗೋಡೆ ಹಿಡಿಯುತ್ತಾರೆ ಅಂದುಕೊಂಡೆ. ಸಿಗರೇಟ್ ಪಾಕೀಟನ್ನು ಚಾಚಾನ ಕಣ್ಣೆದುರೇ ಕುಲುಮೆಗೆ ಎಸೆದೆ. ಮಾನ್ವಿಯಲ್ಲಿ ಕಂಡಕಂಡವರಿಗೆ ‘ಸಿಗರೇಟ್ ಬಿಟ್ಟೆ’ ಎಂದು ಹೇಳಿಕೊಂಡು ತಿರುಗಿದೆ. ಜನ ಶಹಬ್ಬಾಸ್ ಅಂದರು. ಅತ್ತೆಗೂ ಹೆಂಡತಿಯಿಂದ ಫೋನ್ ಮಾಡಿಸಿದೆ. “ಚೊಲೊ ಆತು, ಸಣ್ಣ ಅಳಿಯಂದ್ರು ದಾರಿ ತೋರಿಸಿದ್ರಲ್ಲ” ಎಂದರಂತೆ. ಬಿಟ್ಟವನು ನಾನು, ಹೆಸರು ಅವನಿಗೆ.

ಆ ವರ್ಷವೆಲ್ಲ ಸಂಜೆ ಅಂಗಡಿ ಮುಚ್ಚಿ ಬಂದು ಹುಕ್ಕಾ ಹಚ್ಚುತ್ತಿದ್ದೆ. ಅಂಗಡಿಯ ಜಾಲಿ ಇದ್ದಿಲೇ ಕೆಂಡಕ್ಕೆ. ಸಿಗರೇಟಾದರೆ ನಿಂತಲ್ಲೇ ಸೇದಿ ಮುಗಿಸಿ ಕೆಲಸಕ್ಕೆ ಹೋಗುತ್ತಿದ್ದೆ. ಹುಕ್ಕಾ ಹಾಗಲ್ಲ, ಕೂರಿಸಿಕೊಳ್ಳುತ್ತದೆ. ತಂಪಾಗಿ ಬರುವ ಹೊಗೆಯನ್ನು ಹೊಟ್ಟೆಯವರೆಗೆ ಎಳೆಯುತ್ತಿದ್ದೆ, ಕೆಮ್ಮೇ ಬರುತ್ತಿರಲಿಲ್ಲ, ಅದಕ್ಕೇ ಇನ್ನಷ್ಟು ಎಳೆಯುತ್ತಿದ್ದೆ. ಟಿವಿಯಲ್ಲಿ ಧಾರಾವಾಹಿ ಮುಗಿದು ಇನ್ನೊಂದು ಶುರುವಾಗಿರುತ್ತಿತ್ತು. ಎದ್ದರೆ ತಲೆ ಭಾರ, ವಾಕರಿಕೆ. ಬಿಸಿಲಿನಲ್ಲಿ ದುಡಿದದ್ದಕ್ಕೆ ಎಂದುಕೊಳ್ಳುತ್ತಿದ್ದೆ. ಬೆಳಗ್ಗೆ ಎದ್ದ ತಕ್ಷಣ ಬಾಯಿ ಮತ್ತೆ ಅದನ್ನೇ ಕೇಳುತ್ತಿತ್ತು, ಸಿಗರೇಟಿಗೆ ಕೇಳುತ್ತಿದ್ದ ಹಾಗೆಯೇ.

“ಮೊದಲ ಹೊರಗ ಹೋಗಿ ಸೇದ್ತಿದ್ರಿ,” ಎಂದಳು ಹೆಂಡತಿ ಒಂದು ದಿನ, ತಲೆಗೆ ಸೆರಗು ಬಿಗಿದುಕೊಂಡು. “ಈಗ ನಿಮ್ಮ ಜೋಡಿ ನಾನೂ ಸೇದಾಕತ್ತೀನಿ. ದಿನಾ ಸಂಜಿಗೆ ತಲಿ ಸಿಡೀತದ.”

“ಸೇಬುಹಣ್ಣಿನ ವಾಸನಿ ನಿಮ್ಮವ್ವಗ ಹಿಡಿಸ್ತದ, ನಿನಗ ಹಿಡಿಸಂಗಿಲ್ಲೇನು?”

“ನನ್ನ ಕೊಡ ನನಗ ಕೊಡ್ರಿ,” ಎಂದಳು ಅವಳು.

ಮರುವರ್ಷದ ಎಳ್ಳಮಾವಾಸ್ಯೆಗೆ ನನ್ನ ಹುಕ್ಕಾವನ್ನು ಗೋಣಿಯಲ್ಲಿ ಸುತ್ತಿ ಗಾಡಿಯ ಹಿಂದೆ ಹಾಕಿಕೊಂಡು ದೇವದುರ್ಗಕ್ಕೆ ಹೊರಟೆ. ಪಡಸಾಲೆಯಲ್ಲಿ ಷಡ್ಡಕನದು ಆಗಲೇ ಕೂತಿತ್ತು. ನಾನು ಗೋಣಿ ಬಿಚ್ಚಿ ನನ್ನದನ್ನು ಅದರ ಪಕ್ಕ ನಿಲ್ಲಿಸಿದೆ. ಎಲ್ಲರ ಕಣ್ಣೂ ನೀಲಿ ಗಾಜನ್ನು ಬಿಟ್ಟು ನನ್ನ ಕೊಡದ ಕಡೆ ತಿರುಗಿತು. ಆ ಕ್ಷಣ ನನಗೆ ಇವತ್ತಿಗೂ ಸಿಹಿ.

“ಅಣ್ಣಾ, ಇದೇನ್ರಿ,” ಎಂದ ಷಡ್ಡಕ, “ಬೋರ್‌ವೆಲ್ ಕೇಸಿಂಗ್ ಏನು?”

“ಕೊಂಡದ್ದಲ್ಲಪ್ಪ. ಕೈಲೆ ಮಾಡಿದ್ದು.”

ಮಾವ ಕೊಡವನ್ನು ತಟ್ಟಿ ನೋಡಿದರು. “ಗಟ್ಟಿ ಅದ,” ಎಂದರು. ಆ ಮನೆಯಲ್ಲಿ ನನಗೆ ಸಿಕ್ಕ ಹೊಗಳಿಕೆಗಳಲ್ಲಿ ಅದು ದೊಡ್ಡದು.

ಹೊರಗೆ ಚಳಿ ಇತ್ತು, ಬಾಗಿಲು ಮುಚ್ಚಿದ್ದರು. ಅಡುಗೆಯಾಗಿ ಬುತ್ತಿ ಕಟ್ಟುವವರೆಗೆ ಎರಡು ಹುಕ್ಕಾಗಳೂ ಗುಳುಗುಳು ಅಂದವು. ಅವನು ಎಳೆದರೆ ನಾನು ಇನ್ನೂ ಉದ್ದ ಎಳೆಯುತ್ತಿದ್ದೆ. ಅವನು ಹೊಗೆಯನ್ನು ಉಂಗುರ ಮಾಡಿ ಬಿಟ್ಟ; ನನಗೆ ಉಂಗುರ ಬರುತ್ತಿರಲಿಲ್ಲ, ಮೂಗಿನಿಂದ ಎರಡು ಧಾರೆ ಬಿಟ್ಟೆ. “ಎತ್ತುಗಳು ಬುಸುಗುಟ್ಟಿದಂಗ ಆಗಾಕತ್ತದ, ಏಳ್ರಿ ಇನ್ನ” ಎಂದು ಅತ್ತೆ ಬೈದು ಎಬ್ಬಿಸಿದರು.

ಹೊಲದಲ್ಲಿ ಬಿಳಿಜೋಳ ಆಳೆತ್ತರ ನಿಂತಿತ್ತು. ಪೂಜೆಯಾಯಿತು. ಮಾವ ಬುಟ್ಟಿ ಎತ್ತಿ ನನ್ನ ಕೈಗಿತ್ತರು, ತಂಬಿಗೆಯನ್ನು ಷಡ್ಡಕನಿಗೆ. ನಾನು ಎದೆಯುಬ್ಬಿಸಿ ಕೂಗಿದೆ, “ಹುಲ್ಲುಲ್ಲಿಗೋ!” ಹಿಂದಿನಿಂದ ಬಂತು, “ಚಳ್ಳಂಬ್ರಿಗೋ!” ಮೊದಲ ಬದು ಸಲೀಸಾಗಿ ದಾಟಿದೆವು. ಎರಡನೆಯ ಬದುವಿಗೆ ತಿರುಗಿದಾಗ ನನ್ನ ಕಾಲು ಹತ್ತಿಯ ಮೇಲೆ ಇಟ್ಟಂತಾಗುತ್ತಿತ್ತು. ಕೂಗಿದರೆ ದನಿ ಬಾಯಿಂದ ಹೊರಬಿದ್ದು ಅಲ್ಲೇ ಕೆಳಗೆ ಬೀಳುತ್ತಿತ್ತು. ಕಣ್ಣ ಮುಂದೆ ಜೋಳದ ತೆನೆಗಳು ಎರಡೆರಡಾಗಿ ಕಾಣುತ್ತಿದ್ದವು. ಬುಟ್ಟಿ ಹಿಡಿದ ನನಗೆ ಒಂದೇ ಚಿಂತೆ: ಬೀಳುವುದಾದರೆ ಅವನು ಮೊದಲು ಬೀಳಲಿ.

“ಹುಲ್ಲುಲ್ಲಿಗೋ…”

ಹಿಂದಿನಿಂದ ಉತ್ತರ ಬರಲಿಲ್ಲ. ಇನ್ನೊಮ್ಮೆ ಕೂಗಿದೆ. ಬರಲಿಲ್ಲ. ನಿಯಮ ಮುರಿದು ತಿರುಗಿ ನೋಡಿದೆ. ಷಡ್ಡಕ ಬದುವಿನ ಮೇಲೆ ಕೂತು ಎದೆ ಹಿಡಿದುಕೊಂಡಿದ್ದ; ಮುಖ ಸುಣ್ಣ ಬಳಿದಂತೆ. ತಂಬಿಗೆ ಉರುಳಿ ನೀರೆಲ್ಲ ಮಣ್ಣಿಗೆ ಹೋಗಿತ್ತು. ಗೆದ್ದೆ ಅಂದುಕೊಂಡೆ. ಅಷ್ಟರಲ್ಲಿ ನನ್ನ ಮೊಣಕಾಲೂ ಮಡಚಿತು. ಬುಟ್ಟಿಯನ್ನು ಎದೆಗೊತ್ತಿಕೊಂಡೇ ಕುಸಿದು ಕುಳಿತು ಪಕ್ಕಕ್ಕೆ ವಾಂತಿ ಮಾಡಿದೆ.

ಬನ್ನಿ ಗಿಡದ ಹತ್ತಿರ ಅತ್ತೆ ಕಿರುಚಿದರು. ಮಾವ ಓಡಿ ಬಂದು ನಿಂತರು. ನನ್ನ ಮುಖ ನೋಡಲಿಲ್ಲ, ಅವನ ಮುಖವನ್ನೂ ನೋಡಲಿಲ್ಲ, ಬುಟ್ಟಿ ನೋಡಿದರು. “ಕೂಗು ಕಡೀತಲ್ಲೋ,” ಎಂದರು, ಯಾರಿಗೂ ಅಲ್ಲದ ಹಾಗೆ.

ಆಗ ನನ್ನ ಹೆಂಡತಿ ಬಂದಳು. ನನ್ನ ಕೈಯಿಂದ ಬುಟ್ಟಿ ಬಿಡಿಸಿಕೊಂಡಳು. ನಾನು ಬಿಗಿಯಾಗಿ ಹಿಡಿದಿದ್ದೆ, ಬೆರಳು ಒಂದೊಂದಾಗಿ ಎತ್ತಿದಳು. ಅವಳ ತಂಗಿ ತಂಬಿಗೆ ತುಂಬಿಕೊಂಡು ಹಿಂದೆ ನಿಂತಳು. ಮಾವ ಬೇಡ ಅನ್ನುತ್ತಾರೇನೋ ಎಂದು ಕಾದೆ. ಅನ್ನಲಿಲ್ಲ. ಅಕ್ಕತಂಗಿಯರು ಮೊದಲಿನಿಂದ ಸುತ್ತು ಶುರು ಮಾಡಿದರು. ಚಿಕ್ಕವರಿದ್ದಾಗ ಇಬ್ಬರೂ ಗುಡ್ಡದ ಮೇಲೆ ಕುರಿ ಕಾಯುತ್ತ ಈ ತುದಿಯಿಂದ ಆ ತುದಿಗೆ ಕೂಗಿ ಮಾತಾಡಿದವರು. ಹೆಂಡತಿಗೆ ಅಂಥ ದನಿ ಇದೆಯೆಂದು ನನಗೆ ಗೊತ್ತಿತ್ತು, ಆದರೆ ಅದನ್ನು ನನ್ನ ಮೇಲೆ ಕೂಗುವಾಗ ಮಾತ್ರ ಕೇಳಿದ್ದೆ. ಸುತ್ತು ಮುಗಿಯುವವರೆಗೆ ಕೂಗು ಒಂದು ಸಲವೂ ಕಡಿಯಲಿಲ್ಲ. ನೆಲದ ಮೇಲೆ ಕೂತು ಕೇಳುತ್ತಿದ್ದ ನನಗೆ ಷಡ್ಡಕನ ಮೇಲಿನ ಕಿಚ್ಚು ಅರೆಗಳಿಗೆ ಮರೆತೇ ಹೋಯಿತು. ಹೆಂಡತಿಯ ಉಸಿರಿನ ಮೇಲೆ ಹುಟ್ಟಿತು.

ಮಧ್ಯಾಹ್ನ ಇಬ್ಬರನ್ನೂ ಷಡ್ಡಕನ ಕಾರಿನಲ್ಲಿ ಹಾಕಿಕೊಂಡು ರಾಯಚೂರಿನ ಎದೆ ಡಾಕ್ಟರ ಹತ್ತಿರ ಒಯ್ದರು. ಡಾಕ್ಟರಮ್ಮ ಆಮ್ಲಜನಕ ಕೊಟ್ಟು ಮಲಗಿಸಿ, ಸುಧಾರಿಸಿದ ಮೇಲೆ ಎದುರು ಕೂರಿಸಿಕೊಂಡರು. ಹೆಂಡತಿ ನನ್ನ ಬೆನ್ನ ಹಿಂದೆ ನಿಂತಿದ್ದಳು.

“ಸಿಗರೇಟ್ ಸೇದ್ತೀರೇನ್ರಿ?”

“ಬಿಟ್ಟೀನ್ರಿ ಮೇಡಂ,” ಎಂದೆ ಗತ್ತಿನಿಂದ. “ಬರೇ ಹುಕ್ಕಾ. ನೀರಾಗ ತೊಳ್ದ ಹೊಗಿ.”

ಅವರು ಪೆನ್ನು ಕೆಳಗಿಟ್ಟರು. “ನೀರು ಹೊಗೀನ ತಣ್ಣಗ ಮಾಡ್ತದ್ರಿ, ತೊಳಿಯಂಗಿಲ್ಲ. ತಣ್ಣಗ ಇರೋದಕ್ಕ ನೀವು ಆಳಕ್ಕ ಎಳೀತೀರಿ. ಸಿಗರೇಟ್ ನಾಕು ದಮ್ಮಿಗೆ ಮುಗೀತದ, ಇದರ ಮುಂದ ತಾಸುಗಟ್ಟಲೆ ಕುಂದರ್ತೀರಿ. ಒಂದು ಸಲ ಕುಂತು ಏಳೋದ್ರಾಗ ಒಳಗ ಹೋಗೋ ಹೊಗಿ ಒಂದು ಸಿಗರೇಟಿನದಕ್ಕಿಂತ ಎಷ್ಟೋ ಪಟ್ಟು ಹೆಚ್ಚು. ತಂಬಾಕಿನ ಚಟ ಎರಡರಾಗೂ ಒಂದ. ಸಿಗರೇಟ್ ಬಿಟ್ಟಿಲ್ರಿ ನೀವು, ಪಾತ್ರಿ ಬದ್ಲು ಮಾಡೀರಿ.”

“ತಲಿ ಯಾಕ ತಿರುಗಿತ್ರಿ ಹಂಗಾದ್ರ?” ಷಡ್ಡಕ ಕೇಳಿದ.

“ಮ್ಯಾಲ ಇದ್ದಿಲು ಇಟ್ಟಿದ್ರಲ್ಲ. ಕೆಂಡದಿಂದ ಬರೋ ವಿಷದ ಗಾಳಿಗೆ ವಾಸನಿ ಇಲ್ಲ, ಬಣ್ಣ ಇಲ್ಲ, ನೀರಿಗೂ ಸಿಗಂಗಿಲ್ಲ. ರಕ್ತದಾಗ ಉಸಿರಿನ ಜಾಗಾ ಅದು ಹಿಡೀತದ. ಬಾಗ್ಲಾ ಮುಚ್ಚಿ ಎರಡು ಹುಕ್ಕಾ ಹಚ್ಚಿದ್ರ ಬ್ಯಾರೆ ಏನಾಗ್ತದ? ಅಲ್ಲೇ ಕುಂತ ಹೆಣ್ಣುಮಕ್ಕಳಿಗೂ ಅದೇ ಗಾಳಿ. ಮತ್ತ ಒಂದ ನಳಿಗಿ ಹತ್ತು ಮಂದಿ ಬಾಯಿಗೆ ಇಟ್ಕೊಂಡ್ರ ಒಬ್ಬರ ಕ್ಷಯ ಇನ್ನೊಬ್ಬರಿಗೆ.”

ಹೆಂಡತಿ ಹಿಂದಿನಿಂದ ನನ್ನ ಹೆಗಲನ್ನು ಹಿಡಿದಳು. ಸಮಾಧಾನಕ್ಕೋ, ಚಿವುಟಲಿಕ್ಕೋ ತಿಳಿಯಲಿಲ್ಲ. ನನಗೆ ಮಾತ್ರ ಒಳಗೆ ಒಂದು ಆಸೆ ಚಿಗುರಿತ್ತು.

“ಮೇಡಂ, ಹಂಗಾದ್ರ ಸಿಗರೇಟ… ಹುಕ್ಕಾಕ್ಕಿಂತ ಚೊಲೊ ಅಂದಂಗಾತು?”

ಷಡ್ಡಕನ ಕಡೆ ನೋಡಿಯೇ ಕೇಳಿದ್ದೆ. ಎಮ್ಮೆಯ ಪಕ್ಕ ನಿಂತ ಎಲ್ಲ ವರ್ಷಗಳ ಪರವಾಗಿ ಕೇಳಿದ್ದೆ.

“ನಾ ಹಂಗ ಅಂದಿಲ್ಲ,” ಎಂದರು ಡಾಕ್ಟರಮ್ಮ. “ಸಿಗರೇಟ್ ಕ್ಯಾನ್ಸರ್ ತರ್ತದ, ಹೃದಯ ಕೆಡಸ್ತದ, ಪುಪ್ಪುಸ ತಿಂತದ. ಹುಕ್ಕಾನೂ ಅದ ದಾರಿ. ಯಾವ ಬಾವಿಗೆ ಬೀಳೂಣು ಅಂತ ಇಬ್ಬರೂ ಜಗಳ ಮಾಡಾಕತ್ತೀರಿ.”

ಆಮೇಲೆ ಒಂದು ಯಂತ್ರದ ಕೊಳವೆಗೆ ಜೋರಾಗಿ ಊದಿಸಿದರು. ಉಸಿರಿನ ಬಲ ಎಷ್ಟಿದೆ ಎಂದು ಅದು ತೋರಿಸುತ್ತದೆ. ಷಡ್ಡಕ ಊದಿದ. ನಾನು ಕಣ್ಣು ಹೊರಬರುವಂತೆ ಊದಿದೆ.

“ಅವಂದೆಷ್ಟು ಬಂತ್ರಿ?” ಎಂದೆ.

“ನಿಮಗ ನಿಮ್ಮದು ಬ್ಯಾಡೇನು?”

“ಮೊದಲ ಅವಂದು ಹೇಳ್ರಿ.”

ಅವನದು ನನ್ನದಕ್ಕಿಂತ ಬಹಳ ಚೆನ್ನಾಗಿತ್ತು. ಹುಕ್ಕಾ ಇಬ್ಬರದೂ, ಆದರೆ ನನ್ನ ಎದೆಯಲ್ಲಿ ಮೊದಲೇ ಬೀಡಿ ಇತ್ತು, ಸಿಗರೇಟ್ ಇತ್ತು, ಬೆಸುಗೆಯ ಹೊಗೆ ಇತ್ತು. ಒಂದರ ಮೇಲೊಂದು ಪೇರಿಸಿದ್ದೆ. ಈಗಲೇ ಎಲ್ಲ ಬಿಟ್ಟರೆ ಇರುವುದು ಉಳಿಯುತ್ತದೆ, ಹೋದದ್ದೆಲ್ಲ ವಾಪಸ್ ಬರುವುದಿಲ್ಲ ಎಂದರು. ಕೆಲಸ ಮಾಡುವಾಗ ಮುಖಕ್ಕೆ ಕಟ್ಟಿಕೊಳ್ಳಲು ಒಳ್ಳೆಯ ಮಾಸ್ಕ್ ತರಲು ಬರೆದುಕೊಟ್ಟರು.

ಇಬ್ಬರೂ ಬಿಟ್ಟೆವು. ಷಡ್ಡಕ ಬಿಟ್ಟದ್ದು ಹೀಗೆ: ಮೊಬೈಲಿನಲ್ಲಿ ಸ್ಟೇಟಸ್ ಹಾಕಿದ, ನೂರು ಜನ ಹೂವಿನ ಚಿತ್ರ ಕಳಿಸಿದರು, ಅತ್ತೆ ದೇವರಿಗೆ ಕಾಯಿ ಒಡೆಸಿದರು. ನಾನು ಬಿಟ್ಟದ್ದು ಹೀಗೆ: ಪೈಪನ್ನು ತುಂಡು ಮಾಡಿ ಗುಜರಿಗೆ ಹಾಕಿದೆ, ಕೊಡ ಇನ್ನು ನೀರಿಗೆ ಬರುವುದಿಲ್ಲ ಎಂದು ಹೆಂಡತಿ ಅದರಲ್ಲಿ ತುಳಸಿ ನೆಟ್ಟಳು. ಬಾಯಿ ಒಣಗಿದಾಗಲೆಲ್ಲ ಬಡೇಸೋಪು ಜಗಿದೆ. ಗಿರಾಕಿಗಳ ಮೇಲೆ ರೇಗಿದೆ. ಅಂಗಡಿ ಮುಂದೆ ಯಾರಾದರೂ ಸಿಗರೇಟ್ ಹಚ್ಚಿದರೆ ಅವರ ಬೆನ್ನಿಗೇ ಮೂಗು ಹಚ್ಚಿಕೊಂಡು ನಡೆಯಬೇಕೆನ್ನಿಸುತ್ತಿತ್ತು. ಕಾಯಿ ನನಗೂ ಒಡೆಸಬಹುದಿತ್ತು. ಬಿಡಿ.

ಮುಂದಿನ ಎಳ್ಳಮಾವಾಸ್ಯೆಗೆ ಮಾವ ಬುಟ್ಟಿಯನ್ನು ಕೇಳದೆಯೇ ದೊಡ್ಡ ಮಗಳ ಕೈಗೆ ಕೊಟ್ಟರು, ತಂಬಿಗೆಯನ್ನು ಷಡ್ಡಕನಿಗೆ. ನಾನು ಪಕ್ಕಕ್ಕೆ ಕರೆದು ಕೇಳಿದೆ, “ಮಾವಾರ, ನಾ ಎಲ್ಲಾ ಬಿಟ್ಟೀನಲ್ರಿ. ಬುಟ್ಟಿ?”

“ಬಿಟ್ಟಿದ್ದು ಚೊಲೊ ಆತು,” ಎಂದರು. “ಆದರ ಹೊಲಕ್ಕ ಕೂಗು ಬೇಕ್ರಿ ಅಳಿಯಂದ್ರ, ಸುದ್ದಿ ಅಲ್ಲ.”

ಅಂದಿನಿಂದ ಬೆಳಗ್ಗೆ ಅಂಗಡಿ ತೆಗೆಯುವ ಮೊದಲು ಮಾನ್ವಿಯ ಕಾಲುವೆ ದಂಡೆಯ ಮೇಲೆ ನಡೆಯುತ್ತ ‘ಹುಲ್ಲುಲ್ಲಿಗೋ’ ಎಂದು ಕೂಗುತ್ತೇನೆ. ಆರಂಭದಲ್ಲಿ ಎರಡು ಕೂಗಿಗೆ ನಿಂತು ಮೊಣಕಾಲು ಹಿಡಿಯುತ್ತಿದ್ದೆ. ಗದ್ದೆಯಲ್ಲಿ ನಾಟಿ ಮಾಡುವ ಹೆಣ್ಣುಮಕ್ಕಳು ನಡು ನೆಟ್ಟಗೆ ಮಾಡಿ ನೋಡಿ ನಗುತ್ತಿದ್ದರು. ಚಾಚಾಗೂ ಸುದ್ದಿ ಮುಟ್ಟಿತು. “ಭಾಯ್, ಕಾಲವಿ ಮ್ಯಾಲ ಹುಲಿ ಬಂದಾದಂತ ಮಂದಿ ಹೇಳಾಕತ್ತಾರ, ನೋಡೀರೇನು?” ಎಂದರು.

ಈ ವರ್ಷದ ಎಳ್ಳಮಾವಾಸ್ಯೆಗೆ ಷಡ್ಡಕ ಹೊಸ ಕೋಟು ತೊಟ್ಟು ಬಂದಿದ್ದ. ಬನ್ನಿ ಗಿಡದ ಬಳಿ ಅವನ ಪಕ್ಕ ನಿಂತಾಗ ಮೂಗಿಗೆ ಬಡಿಯಿತು: ಸೇಬುಹಣ್ಣು. ಹುಕ್ಕಾಕ್ಕೆ ಈಗ ನಿಷೇಧ ಇರುವುದು ನಮ್ಮ ರಾಜ್ಯದಲ್ಲಿ. ಅವನಿಗೆ ಊರೂರಿಗೆ ಗೆಳೆಯರಿದ್ದಾರೆ.

“ಅಣ್ಣಾ, ಈ ಸಲ ನಾ ನಡೆಯಂಗಿಲ್ರಿ,” ಎಂದ ಮೆಲ್ಲಗೆ. “ಮೊಣಕಾಲು ನೋಯ್ತದ.”

“ಮೊಣಕಾಲು ಸೇಬುಹಣ್ಣು ತಿಂದದೇನು ತಮ್ಮಾ?”

ಅವನ ಮುಖ ಇಳಿಯಿತು. ಅತ್ತೆಗೆ ಒಂದು ಮಾತು ಹಾಕಿದ್ದರೆ ಸಾಕಿತ್ತು, ಪಿಂಗಾಣಿ ಕಪ್ಪು ಆ ದಿನವೇ ನನ್ನ ಕಡೆ ಬರುತ್ತಿತ್ತು. ಹಾಕಲಿಲ್ಲ. ದೊಡ್ಡತನ ಅಂದುಕೊಳ್ಳಬೇಡಿ. ಆ ವಾಸನೆ ಇನ್ನೊಂದು ಸಲ ಬರಲಿ ಎಂದು ಅವನ ಪಕ್ಕ ಇನ್ನೂ ಸ್ವಲ್ಪ ಹೊತ್ತು ನಿಂತೆ, ಅಷ್ಟೇ. ಇವನು ಸೇದಿಯೂ ನನಗಿಂತ ಚೆನ್ನಾಗಿ ಉಸಿರಾಡುತ್ತಾನಲ್ಲ ಎಂದು ಹೊಟ್ಟೆ ಉರಿಯಿತು. ಆಮೇಲೆ ಅವನ ಕೆನ್ನೆಯ ಸುಣ್ಣದ ಬಣ್ಣ ನೋಡಿದೆ. “ಡಾಕ್ಟರ ಹತ್ರ ಇನ್ನೊಮ್ಮೆ ಊದಿ ಬಾ, ನಿನ್ನ ಉಸಿರು ನನ್ನ ಲೆಕ್ಕಕ್ಕ ಇಳಿಯೂಕಿಂತ ಮೊದಲ” ಎಂದೆ. ಅವನು ಕೋಟಿನ ಗುಂಡಿ ಹಾಕಿಕೊಂಡ.

ಮಾವ ಬುಟ್ಟಿ ಹಿಡಿದು ನಿಂತಿದ್ದರು. ಮೊದಲು ಮಗಳನ್ನು ನೋಡಿದರು, ಆಮೇಲೆ ನನ್ನನ್ನು. “ಬುಟ್ಟಿ ಮಗಳ ಹತ್ರ ಇರ್ಲಿ,” ಎಂದರು. “ನೀವು ನೀರು ಹಿಡೀರಿ.”

ಹಿಂದಿನವನ ಜಾಗ. ಒಮ್ಮೆ ಬಿಟ್ಟರೆ ಇಷ್ಟು ವರ್ಷ ನಾನು ಹಿಂತಿರುಗಿಯೂ ನೋಡದಿದ್ದ ಜಾಗ. ತಂಬಿಗೆ ತೆಗೆದುಕೊಂಡೆ.

ಅವಳು ಕೂಗಿದಳು, ನಾನು ಓಗೊಟ್ಟೆ. ಮೊದಲ ಬದು ದಾಟಿದೆವು, ಎರಡನೆಯದೂ. ಮೂರನೆಯದರಲ್ಲಿ ಎದೆ ಬಿಗಿಯತೊಡಗಿತು, ನನ್ನ ‘ಚಳ್ಳಂಬ್ರಿಗೋ’ ಕುಗ್ಗುತ್ತ ಬಂತು. ಹಿಂತಿರುಗಿ ನೋಡುವಂತಿಲ್ಲ, ಅವಳು ನೋಡಲಿಲ್ಲ. ಹೆಜ್ಜೆ ಮಾತ್ರ ಸಣ್ಣದು ಮಾಡಿದಳು. ಒಂದು ಕೂಗಿನಿಂದ ಇನ್ನೊಂದಕ್ಕೆ ಸ್ವಲ್ಪ ಹೆಚ್ಚು ಬಿಡುವು ಕೊಟ್ಟಳು, ನನ್ನ ಉಸಿರು ಬಂದು ಸೇರುವಷ್ಟು. ನನಗೆ ಸಿಟ್ಟು ಬಂತು. ಆ ಸಿಟ್ಟಿನಲ್ಲೇ ಒಂದು ಕೂಗು ಜೋರಾಗಿ ಬಂತು. ಹಾಗೆ ಬನ್ನಿ ಗಿಡ ಮುಟ್ಟಿದೆವು. ಕೂಗು ಕಡಿದಿರಲಿಲ್ಲ. ಮಾವ ನನ್ನ ಕಡೆ ನೋಡಿ ತಲೆಯಾಡಿಸಿದರು. ಗೇಟಿನ ಕೊಂಡಿಯ ಮಾತು ಅಂದು ಬರಲಿಲ್ಲ.

ಈಗ ನನ್ನ ಹತ್ತಿರ ಇರುವುದು: ಮಾನ್ವಿಯಲ್ಲಿ ಒಂದು ಅಂಗಡಿ, ಅದರಲ್ಲಿ ಎರಡು ವೆಲ್ಡಿಂಗ್ ಯಂತ್ರ, ಒಂದು ಮಾಸ್ಕ್. ಮೂರು ಕೋಣೆಯ ಮನೆ. ಒಬ್ಬಳು ಹೆಂಡತಿ, ಇಬ್ಬರು ಮಕ್ಕಳು. ಸ್ಟೀಲ್ ಕೊಡದಲ್ಲಿ ಒಂದು ತುಳಸಿ ಗಿಡ. ಸಿಗರೇಟ್ ಇಲ್ಲ, ಹುಕ್ಕಾ ಇಲ್ಲ. ಹೊಲ ಒಂದು ಸುತ್ತು ಬರಲು ಸಾಲುವಷ್ಟು ಉಸಿರು. ವರ್ಷಕ್ಕೊಮ್ಮೆ ಒಂದು ತಂಬಿಗೆ ನೀರು. ಬುಟ್ಟಿ ಇನ್ನೂ ಇಲ್ಲ.